ಹಳೇ ಬಡಾವಣೆಯ ಚಹರೆ ಉಳಿಸಿಕೊಳ್ಳುವುದು: ಬ್ಯಾನರ್ ಕಟ್ಟುವ ಮೊದಲು ಮಾಡಬೇಕಾದ ಕೆಲಸ

ಹಳೇ ಮನೆ ಉರುಳುವ ಮೊದಲು ಅದರ ಹೆಂಚು ಇಳಿಯುತ್ತದೆ. ಮಂಗಳೂರು ಹೆಂಚಿಗೂ ಸಾಗುವಾನಿ ಬಾಗಿಲಿಗೂ ಗಿರಾಕಿ ಇರುವುದರಿಂದ ಗುತ್ತಿಗೆದಾರ ಮೊದಲು ಅವನ್ನೇ ಬಿಚ್ಚಿಸಿ ಲಾರಿಗೆ ಏರಿಸುತ್ತಾನೆ. ಆಮೇಲೆ ಕಿಟಕಿ ಸರಳು, ತೊಲೆ, ಜಂತೆ. ಕೊನೆಗೆ ಜೆಸಿಬಿ. ಹೆಂಚು ಇಳಿಯುವುದನ್ನು ನೋಡಿ ಎಚ್ಚೆತ್ತವರಿಗೆ ಸಿಗುವುದು ಹೆಚ್ಚೆಂದರೆ ಎರಡು ಮೂರು ದಿನ. ಅಷ್ಟರಲ್ಲಿ ಬ್ಯಾನರ್ ಬರೆಸಬಹುದು, ಟಿವಿಯವರನ್ನು ಕರೆಸಬಹುದು, ಮನೆ ಉಳಿಸುವುದು ಕಷ್ಟ.

ಆದರೆ ಆ ಮನೆಯ ಕಡತ ಅದಕ್ಕೂ ತಿಂಗಳುಗಟ್ಟಲೆ ಮುಂಚೆಯೇ ಮೇಜಿನಿಂದ ಮೇಜಿಗೆ ಓಡಾಡಿರುತ್ತದೆ. ಖಾತೆ ಬದಲಾವಣೆ, ಪಕ್ಕದ ಎರಡು ಸೈಟು ಸೇರಿಸಿ ಒಂದು ಮಾಡುವ ಅರ್ಜಿ, ನಕ್ಷೆ ಮಂಜೂರಾತಿ, ಅಂಗಳದ ಮರ ಕಡಿಯಲು ಅನುಮತಿ. ನಿಮ್ಮ ಕೆಲಸ ನಡೆಯಬೇಕಾದ್ದು ಆ ತಿಂಗಳುಗಳಲ್ಲಿ. ಕೆಳಗಿನದೆಲ್ಲ ಮಲ್ಲೇಶ್ವರ, ಬಸವನಗುಡಿಯಂಥ ಬಡಾವಣೆಗಳನ್ನು ಕಣ್ಮುಂದೆ ಇಟ್ಟುಕೊಂಡು ಬರೆದದ್ದು. ಕಾಯ್ದೆಗಳು ಕರ್ನಾಟಕದವೇ ಆದ್ದರಿಂದ ಮೈಸೂರಿನ ಅಗ್ರಹಾರಕ್ಕೂ ಧಾರವಾಡದ ಮಾಳಮಡ್ಡಿಗೂ ಬಹುಪಾಲು ಹೊಂದುತ್ತದೆ.

ಉಳಿಸಬೇಕಾದ್ದು ಏನು ಅಂತ ಮೊದಲು ಬರೆದಿಡಿ

"ನಮ್ಮ ಏರಿಯಾದ ಸೊಬಗು ಹಾಳಾಗುತ್ತಿದೆ" ಎಂದು ಅರ್ಜಿ ಬರೆದರೆ ಅಧಿಕಾರಿಗೆ ಅದರಲ್ಲಿ ಹಿಡಿದುಕೊಳ್ಳಲು ಏನೂ ಸಿಗುವುದಿಲ್ಲ. ಸೊಬಗನ್ನು ಅಳೆಯಬಹುದಾದ ಸಂಗತಿಗಳಾಗಿ ಒಡೆಯಬೇಕು.

ಮಲ್ಲೇಶ್ವರ, ಬಸವನಗುಡಿ ಎರಡೂ 1892ರ ಸುಮಾರಿಗೆ ರೂಪುಗೊಂಡ ಬಡಾವಣೆಗಳು. 1898ರ ಪ್ಲೇಗ್ ಬಂದ ಮೇಲೆ ಇಕ್ಕಟ್ಟಿನ ಪೇಟೆ ಬಿಟ್ಟವರು ಇಲ್ಲಿ ಬಂದು ನೆಲೆಸಿದರು. ಗಾಳಿ ಬೆಳಕು ಆಡಬೇಕು, ಕೊಳೆ ಮನೆಯ ಹಿಂದಿನಿಂದಲೇ ಹೋಗಬೇಕು ಎಂಬ ಲೆಕ್ಕಾಚಾರ ಇಡೀ ವಿನ್ಯಾಸದಲ್ಲಿದೆ. ಚೌಕಾಕಾರದ ಕ್ರಾಸು ಮೇನುಗಳು, ಮನೆಯ ಸುತ್ತ ಬಿಟ್ಟ ಜಾಗ (ಸೆಟ್‌ಬ್ಯಾಕ್), ಹಿಂಬದಿಯಲ್ಲಿ ಕೊಳೆ ಸಾಗಿಸುವ ಕನ್ಸರ್ವೆನ್ಸಿ ಲೇನ್, ರಸ್ತೆಯ ಎರಡೂ ಬದಿ ಸಾಲುಮರ, ನಡುವೆ ಗುಡಿ, ಶಾಲೆ, ಮಾರುಕಟ್ಟೆ. ಚಹರೆ ಎಂದರೆ ಇದು. ಮಂಕಿ ಟಾಪ್, ಅಂದರೆ ಕಿಟಕಿಯ ಮೇಲೆ ಮರದ ಪಟ್ಟಿಗಳ ಚೂಪು ಮಾಡು, ಇರುವ ನಾಲ್ಕು ಬಂಗಲೆ ಉಳಿಸಿ ಉಳಿದದ್ದನ್ನೆಲ್ಲ ಬಿಟ್ಟುಕೊಟ್ಟರೆ ಉಳಿಯುವುದು ಬಡಾವಣೆಯ ಫೋಟೊ ಮಾತ್ರ.

ಆದ್ದರಿಂದ ಒಂದು ಪುಟದಲ್ಲಿ ಐದು ಸಾಲು ಬರೆಯಿರಿ: ಸೈಟುಗಳ ಅಳತೆ, ಮುಂದೆ ಬಿಟ್ಟ ಜಾಗ, ಮಹಡಿಗಳ ಸಂಖ್ಯೆ, ಮರದ ಸಾಲು, ರಸ್ತೆಯ ಬಳಕೆ. ಬಳಕೆ ಎಂದರೆ ವಾಸವೋ ಅಂಗಡಿಯೋ ಎಂಬುದಷ್ಟೇ ಅಲ್ಲ. ಬೆಳಗಿನ ಜಾವ ಹೂವು ಕಟ್ಟುವವರು ಎಲ್ಲಿ ಕೂರುತ್ತಾರೆ, ಸೊಪ್ಪಿನ ಗಾಡಿ ಎಲ್ಲಿ ನಿಲ್ಲುತ್ತದೆ ಎಂಬುದೂ ಸೇರಿ.

ಇಲ್ಲಿ ಒಂದು ಸೂಕ್ಷ್ಮ ಗೊತ್ತಿರಬೇಕು. ವಲಯ ನಿಯಮಾವಳಿಯಲ್ಲಿ ಎಫ್‌ಎಆರ್, ಅಂದರೆ ಸೈಟಿನ ಅಳತೆಗೆ ಎಷ್ಟು ಪಟ್ಟು ಕಟ್ಟಬಹುದು ಎಂಬ ಲೆಕ್ಕ, ಎರಡರ ಮೇಲೆ ನಿಂತಿದೆ: ಸೈಟಿನ ವಿಸ್ತೀರ್ಣ ಮತ್ತು ಎದುರಿನ ರಸ್ತೆಯ ಅಗಲ. ಎರಡು ಸೈಟು ಒಂದಾದರೆ ಎಫ್‌ಎಆರ್ ಏರಬಹುದು. ರಸ್ತೆ ಅಗಲವಾದರೆ ಆ ರಸ್ತೆಯ ಎಲ್ಲ ಸೈಟುಗಳಿಗೂ ಏರಬಹುದು. ವಾಸದ ವಲಯದಲ್ಲಿ ಅಂಗಡಿ, ಕಚೇರಿಗೆ ಅವಕಾಶ ಉಂಟೋ ಇಲ್ಲವೋ ಎಂಬುದಕ್ಕೂ ರಸ್ತೆಯ ಅಗಲವೇ ಕೀಲಿ. ಅಂದರೆ ಸೈಟು ಜೋಡಣೆ, ರಸ್ತೆ ಅಗಲೀಕರಣ ಇವೆರಡೂ ನೋಡಲು ಸಾಧಾರಣ ಅರ್ಜಿಗಳು. ಬಡಾವಣೆಯನ್ನು ಒಳಗಿಂದ ಬದಲಾಯಿಸುವುದು ಇವೇ.

ಪಟ್ಟಿ ಮಾಡುವುದು

ಇಬ್ಬಿಬ್ಬರ ಜೋಡಿ ಮಾಡಿ, ಒಂದು ಜೋಡಿಗೆ ಒಂದು ಕ್ರಾಸ್ ವಹಿಸಿ. ಮನೆಯೊಂದಕ್ಕೆ 15 ನಿಮಿಷ ಹಿಡಿಯುತ್ತದೆ. 40 ಮನೆಯ ಕ್ರಾಸಿಗೆ 10 ಗಂಟೆ, ಅಂದರೆ ದಿನಕ್ಕೆರಡು ಗಂಟೆಯಂತೆ ಐದು ಬೆಳಗು. ಬೇಕಾದ್ದು 5 ಮೀಟರ್ ಟೇಪು, ಮರ ಸುತ್ತಲು ದರ್ಜಿ ಟೇಪು, ರಟ್ಟು, ಛಾಪಿಸಿದ ನಮೂನೆ, ಫೋನು. ಒಬ್ಬರು ಅಳೆದು ಹೇಳಬೇಕು, ಇನ್ನೊಬ್ಬರು ಬರೆಯಬೇಕು. ಒಬ್ಬರೇ ಎರಡನ್ನೂ ಮಾಡಲು ಹೋದರೆ ಮೂರನೇ ಮನೆಯಿಂದಲೇ ಅಂಕಣಗಳು ಖಾಲಿ ಬೀಳುತ್ತವೆ.

ನಮೂನೆಯಲ್ಲಿ ಇರಬೇಕಾದ್ದು: ಹಳೇ ಮತ್ತು ಹೊಸ ಮನೆ ನಂಬರು (ಎರಡೂ ಬೇಕು, ಕಡತದಲ್ಲಿ ಒಂದು ಇದ್ದರೆ ಗೇಟಿನ ಮೇಲೆ ಇನ್ನೊಂದಿರುತ್ತದೆ), ಮಹಡಿ, ಚಾವಣಿಯ ಬಗೆ, ಕಾಂಪೌಂಡು, ಜಗಲಿ, ಕಿಟಕಿಯ ಮಾಡು, ಈಗಿನ ಬಳಕೆ, ಮರಗಳು. ಮರದ ಸುತ್ತಳತೆಯನ್ನು ನೆಲದಿಂದ ನಾಲ್ಕೂವರೆ ಅಡಿ ಎತ್ತರದಲ್ಲಿ ತೆಗೆಯಿರಿ. ಅರಣ್ಯ ಇಲಾಖೆಯವರೂ ಅಲ್ಲೇ ಅಳೆಯುವುದು, ನಾಳೆ ಅಂಕಿ ತಾಳೆಯಾಗಬೇಕು. "ದೊಡ್ಡ ಮರ" ಎಂದು ಬರೆದರೆ ನಮೂನೆ ಹಾಳು. "ಹೊಂಗೆ, 212 ಸೆಂ.ಮೀ., ಕಾಂಪೌಂಡಿನ ಹೊರಗೆ, ಬುಡದ ಸುತ್ತ ಕಾಂಕ್ರೀಟು" ಎಂದು ಬರೆದರೆ ಅದು ದಾಖಲೆ. ಮನೆಯ ವಿಷಯದಲ್ಲೂ ಅಷ್ಟೇ: "ಮಂಕಿ ಟಾಪ್ ಇದೆ" ಎನ್ನುವುದಕ್ಕಿಂತ "ಮುಂಭಾಗದ ಎರಡು ಕಿಟಕಿಗೆ ಮಂಕಿ ಟಾಪ್, ಎಡಗಡೆಯದರಲ್ಲಿ 14 ಮರದ ಪಟ್ಟಿಗಳ ಪೈಕಿ 3 ಇಲ್ಲ, ತುದಿ ಮೊಳೆ ಬಿಟ್ಟಿದೆ" ಎನ್ನುವುದು ಮುಂದೆ ದುರಸ್ತಿಗೂ ಬರುತ್ತದೆ, ವಿಚಾರಣೆಗೂ ಬರುತ್ತದೆ.

ಫೋಟೊ ನಾಲ್ಕು: ಎದುರು ಫುಟ್‌ಪಾತಿನಿಂದ ನೇರ, ಎರಡು ಮೂಲೆಗಳಿಂದ ಒಂದೊಂದು, ಎದ್ದುಕಾಣುವ ಕುಸುರಿಯೊಂದು. ಪೂರ್ವಕ್ಕೆ ಮುಖ ಮಾಡಿದ ಮನೆಯನ್ನು ಬೆಳಿಗ್ಗೆ, ಪಶ್ಚಿಮದ್ದನ್ನು ಸಂಜೆ ತೆಗೆಯಿರಿ, ಇಲ್ಲವಾದರೆ ಮುಂಭಾಗ ಪೂರ್ತಿ ಕಪ್ಪಗೆ ಬರುತ್ತದೆ. ಗೇಟಿನೊಳಗೆ ಕಾಲಿಡಬೇಡಿ, ಮನೆಯವರ ಮುಖ ಫ್ರೇಮಿಗೆ ಬರದಿರಲಿ. ಚಿತ್ರಗಳನ್ನು ವಾಟ್ಸಾಪ್‌ನಲ್ಲಿ ಮಾಮೂಲಿ ಫೋಟೊ ಥರ ಕಳಿಸಿ ಸಂಗ್ರಹಿಸುವುದು ಬಹುಪಾಲು ಗುಂಪುಗಳು ಮಾಡುವ ತಪ್ಪು. ಹಾಗೆ ಕಳಿಸಿದಾಗ ತೆಗೆದ ದಿನಾಂಕ, ಸ್ಥಳದ ಮಾಹಿತಿ ಉದುರಿಹೋಗುತ್ತದೆ. ಸಾಕ್ಷ್ಯವಾಗಿ ಅರ್ಧ ಬೆಲೆ ಅಲ್ಲೇ ಹೋಯಿತು. ಮೂಲ ಫೈಲನ್ನೇ ಒಂದು ಡ್ರೈವ್‌ಗೆ ಹಾಕಿ, ಕ್ರಾಸ್ ನಂಬರು, ಮನೆ ನಂಬರು, ದಿನಾಂಕ ಹೆಸರಿನಲ್ಲೇ ಇರಲಿ.

ಕೊನೆಗೆ ದರ್ಜೆ. ಮುಂಬೈ 1995ರಲ್ಲೇ ಪಾರಂಪರಿಕ ಕಟ್ಟಡಗಳಿಗೆ ನಿಯಮ ತಂದು ಒಂದು, ಎರಡು, ಮೂರು ಎಂದು ದರ್ಜೆ ಮಾಡಿತು. ಅದೇ ಅಚ್ಚು ಸಾಕು: ಹೊರರೂಪ ಮುಟ್ಟಬಾರದ್ದು ಒಂದು, ಒಳಗೆ ಬದಲಾಯಿಸಿಕೊಳ್ಳಬಹುದಾದ್ದು ಎರಡು, ಬೀದಿಯ ಸಾಲಿಗಾಗಿ ಬೇಕಾದ್ದು ಮೂರು. ಎಲ್ಲವನ್ನೂ ಒಂದನೇ ದರ್ಜೆಗೆ ಹಾಕುವ ಆಸೆ ಬೇಡ. ನೂರು ಮನೆಯ ಪಟ್ಟಿಯಲ್ಲಿ ತೊಂಬತ್ತು ಒಂದನೇ ದರ್ಜೆಯಲ್ಲಿದ್ದರೆ ಓದುವವರು ಇಡೀ ಪಟ್ಟಿಯನ್ನೇ ಪಕ್ಕಕ್ಕಿಡುತ್ತಾರೆ.

ಮಾಲೀಕರ ಮನೆಗೆ ಹೋಗುವುದು

ಹೋರಾಟಗಳು ಹೆಚ್ಚಾಗಿ ಎಡವುವುದು ಇಲ್ಲಿ. ಮಾಲೀಕರಿಗೆ ಹೇಳದೆ ಪಟ್ಟಿ ಮಾಡಿ ಪತ್ರಿಕೆಗೆ ಕೊಟ್ಟರೆ, "ಹೆರಿಟೇಜ್ ಅಂತ ಮಾಡಿಬಿಡುತ್ತಾರಂತೆ, ಆಮೇಲೆ ಒಂದು ಮೊಳೆ ಹೊಡೆಯಲಿಕ್ಕೂ ಬಿಡಲ್ಲವಂತೆ" ಎಂಬ ಸುದ್ದಿ ಹಬ್ಬಿ, ಇನ್ನೈದು ವರ್ಷ ನಿಲ್ಲುತ್ತಿದ್ದ ಮನೆ ಮುಂದಿನ ತಿಂಗಳೇ ಬೀಳುತ್ತದೆ. ಪಟ್ಟಿ ಹೊರಗೆ ಹೋಗುವ ಮೊದಲು ಒಂದನೇ, ಎರಡನೇ ದರ್ಜೆಯ ಪ್ರತಿ ಮನೆಗೂ ಹೋಗಿ. ಅದೇ ಬೀದಿಯ ಹಿರಿಯರೊಬ್ಬರು ಜೊತೆಗಿರಲಿ. ಮೂರು ಜನಕ್ಕಿಂತ ಹೆಚ್ಚು ಬೇಡ, ದಂಡು ಬಂದ ಹಾಗಾಗುತ್ತದೆ. ಮೊದಲ ಭೇಟಿಯಲ್ಲೇ ಮನೆ ಉಳಿಸಿ ಎಂದು ಕೇಳಬೇಡಿ. ಮನೆಯ ಹಳೇ ಫೋಟೊ ಇದೆಯೇ, ಕಟ್ಟಿದವರು ಯಾರು, ಮಳೆಗಾಲದಲ್ಲಿ ಎಲ್ಲಿ ಸೋರುತ್ತದೆ ಎಂದು ಕೇಳಿದರೆ ಸಾಕು.

ಮಾರುವವರಿಗೆ ಮನೆಯ ಮೇಲೆ ಪ್ರೀತಿ ಇಲ್ಲವೆಂದಲ್ಲ. ಅಣ್ಣತಮ್ಮಂದಿರ ಪಾಲು ಆಗಬೇಕು, ಮಕ್ಕಳು ಹೊರದೇಶದಲ್ಲಿದ್ದಾರೆ, ವಯಸ್ಸಾದವರೊಬ್ಬರೇ ಎಂಟು ಕೋಣೆ ಗುಡಿಸಲಾರರು, ಚಾವಣಿ ಸೋರುತ್ತದೆ. ಪಾಲಿನ ವಿಷಯದಲ್ಲಿ ನೀವೇನೂ ಮಾಡಲಾಗದು. ಸೋರುವುದಕ್ಕೆ ಮಾಡಬಹುದು.

ಹಳೇ ಮನೆಗಳ ಮದ್ರಾಸ್ ತಾರಸಿ ಎಂದರೆ ಮರದ ಜಂತೆಗಳ ಮೇಲೆ ಇಟ್ಟಿಗೆಯನ್ನು ಓರೆಯಾಗಿ ನಿಲ್ಲಿಸಿ ಸುಣ್ಣದ ಗಾರೆಯಲ್ಲಿ ಕೂರಿಸಿ, ಮೇಲೆ ಇಟ್ಟಿಗೆ ಚೂರು ಸುಣ್ಣ ಹಾಕಿ ದಮ್ಮಸ್ಸು ಮಾಡಿದ್ದು. ಇದು ಸೋರುವುದಕ್ಕೆ ಸಾಮಾನ್ಯ ಕಾರಣಗಳು ಮೂರು: ನೀರು ಹೋಗುವ ತೂಬಿನಲ್ಲಿ ಎಲೆ ಕಟ್ಟಿಕೊಳ್ಳುವುದು, ಬಿರುಕಿನಲ್ಲಿ ಅರಳಿ ಸಸಿ ಬೇರು ಬಿಡುವುದು, ಮೇಲ್ಪದರದ ಗಾರೆ ಸವೆಯುವುದು. ಇದಕ್ಕೆ ಮೇಸ್ತ್ರಿಗಳು ಸಾಮಾನ್ಯವಾಗಿ ಹೇಳುವ ಪರಿಹಾರ ಮೇಲೆ ಎರಡು ಇಂಚು ಸಿಮೆಂಟು ಕಾಂಕ್ರೀಟು. ಆಗ ಜಂತೆಯ ಮೇಲೆ ಭಾರ ಏರುತ್ತದೆ, ಬಿಸಿಲಿಗೆ ಸಿಮೆಂಟು ಬಿರಿಯುತ್ತದೆ, ಒಳಗೆ ಇಳಿದ ನೀರು ಹೊರಬರಲು ದಾರಿಯಿಲ್ಲದೆ ಜಂತೆಯ ತುದಿಯನ್ನು ಕೊಳೆಸುತ್ತದೆ. ಐದಾರು ವರ್ಷಕ್ಕೆ "ಕಟ್ಟಡ ಶಿಥಿಲವಾಗಿದೆ" ಎಂಬ ಪ್ರಮಾಣಪತ್ರಕ್ಕೆ ದಾರಿ ಸಲೀಸು. ಗೋಡೆಗೂ ಇದೇ ಮಾತು. ಸುಣ್ಣದ ಗಾರೆಯ ಗೋಡೆ ತೇವವನ್ನು ಹೀರಿ ಹೊರಕ್ಕೆ ಬಿಡುತ್ತದೆ. ಮೇಲೆ ಸಿಮೆಂಟು ಬಳಿದರೆ ತೇವ ಒಳಗೇ ನಿಂತು, ಉಪ್ಪು ಹೊಮ್ಮಿ, ಚಕ್ಕೆ ಚಕ್ಕೆಯಾಗಿ ಏಳುತ್ತದೆ.

ಏಪ್ರಿಲ್‌ನಲ್ಲಿ, ಮುಂಗಾರಿಗೆ ಮುಂಚೆ, ಮಾಲೀಕರು ಒಪ್ಪಿದರೆ ತಾರಸಿ ಹತ್ತಿ ನೋಡಿ. ತೂಬು ಬಿಡಿಸಿ. ಸಸಿಯನ್ನು ಎಳೆದು ಕೀಳಬೇಡಿ, ಅದರ ಜೊತೆ ಇಟ್ಟಿಗೆಯೂ ಬರುತ್ತದೆ. ಬುಡಕ್ಕೆ ಕತ್ತರಿಸಿ, ಬೇರು ಸಾಯಿಸಿ, ಆಮೇಲೆ ಬಿರುಕನ್ನು ಸುಣ್ಣದ ಗಾರೆಯಿಂದ ಮುಚ್ಚಬೇಕು. ಜಂತೆ ಗೋಡೆಯೊಳಗೆ ಹೋಗುವ ತುದಿಯನ್ನು ಸ್ಕ್ರೂಡ್ರೈವರಿನಿಂದ ಚುಚ್ಚಿ ನೋಡಿ: ಟಣ್ ಎಂದರೆ ಗಟ್ಟಿ, ಮೆತ್ತಗೆ ಒಳಗೆ ಇಳಿದರೆ ಕೊಳೆತಿದೆ. ಒಂದು ಜಂತೆ ಬದಲಿಸಿದರೆ ಮುಗಿಯುವ ಕೆಲಸವನ್ನು ಇಡೀ ಚಾವಣಿ ತೆಗೆಯುವ ಕೆಲಸವಾಗಿ ಮಾಡಬೇಕಿಲ್ಲ. ಸುಣ್ಣದ ಕೆಲಸ ಬಲ್ಲ ಮೇಸ್ತ್ರಿ, ಹಳೇ ಮರದ ಕೆಲಸ ಬಲ್ಲ ಬಡಗಿ, ಹಳೇ ಕಟ್ಟಡ ನೋಡಿ ಅಭ್ಯಾಸವಿರುವ ಸ್ಟ್ರಕ್ಚರಲ್ ಎಂಜಿನಿಯರ್, ಈ ಮೂವರ ಫೋನ್ ನಂಬರು ನಿಮ್ಮ ಗುಂಪಿನ ಹತ್ತಿರ ಇದ್ದರೆ ಹತ್ತು ಸಭೆಗಳಿಗಿಂತ ಹೆಚ್ಚು ಉಪಯೋಗ.

ನಿರ್ಲಕ್ಷ್ಯದ ಬೆಲೆ ಏನೆಂಬುದಕ್ಕೆ ಮೈಸೂರು ಉದಾಹರಣೆ. ಲ್ಯಾನ್ಸ್‌ಡೌನ್ ಕಟ್ಟಡದ ಒಂದು ಭಾಗ 2012ರಲ್ಲಿ ಕುಸಿದು ನಾಲ್ವರು ಸತ್ತರು; 2016ರಲ್ಲಿ ದೇವರಾಜ ಮಾರುಕಟ್ಟೆಯ ಭಾಗ ಬಿತ್ತು. ಅಲ್ಲಿಂದ ಮುಂದೆ ಎಲ್ಲ ಚರ್ಚೆಯೂ "ಒಡೆಯಬೇಕೋ ಬೇಡವೋ" ಎಂಬುದಕ್ಕೆ ಸಿಕ್ಕಿಕೊಂಡಿತು. ಜೀವ ಹೋದ ಮೇಲೆ ಪರಂಪರೆಯ ಮಾತಿಗೆ ತೂಕ ಕಡಿಮೆ, ಅದು ಸಹಜವೂ ಹೌದು. ಮೈಸೂರಿನದೇ ಇನ್ನೊಂದು ಪ್ರಸಂಗ ಆರ್.ಕೆ. ನಾರಾಯಣ್ ಅವರ ಯಾದವಗಿರಿಯ ಮನೆ. 2011ರಲ್ಲಿ ಒಡೆಯಲು ಶುರುಮಾಡಿದಾಗ ಸಾರ್ವಜನಿಕರ ಕೂಗಿಗೆ ಕೆಲಸ ನಿಂತಿತು. ಆದರೆ ಮನೆ ನಿಜಕ್ಕೂ ಉಳಿದದ್ದು ವಾರಸುದಾರರಿಗೆ ಹಣ ಕೊಟ್ಟು ಸರ್ಕಾರದ ಕಡೆಯಿಂದ ಕೊಂಡ ಮೇಲೆ. 2016ರಲ್ಲಿ ಅದು ವಸ್ತುಸಂಗ್ರಹಾಲಯವಾಯಿತು. ಕೂಗು ಜೆಸಿಬಿ ನಿಲ್ಲಿಸುತ್ತದೆ, ಮಾಲೀಕರ ಲೆಕ್ಕ ಸರಿಹೋಗದೆ ಮನೆ ನಿಲ್ಲುವುದಿಲ್ಲ. ಎಲ್ಲ ಮನೆಯನ್ನೂ ಸರ್ಕಾರ ಕೊಳ್ಳುವುದೂ ಇಲ್ಲ. ಹಾಗಾಗಿ ಮನೆಯ ಒಂದು ಭಾಗವನ್ನು ಸಂಗೀತ ಶಾಲೆಗೋ ವಕೀಲರ ಕಚೇರಿಗೋ ಬಾಡಿಗೆ ಕೊಡುವಂಥ ದಾರಿಗಳನ್ನು ಮಾಲೀಕರೊಂದಿಗೆ ಕೂತು ಯೋಚಿಸಿ. ಕೆಫೆ ಎಂದರೆ ಎರಡು ಸಲ ಯೋಚಿಸಿ: ಮನೆ ಉಳಿಯುತ್ತದೆ, ಪಾರ್ಕಿಂಗಿಗೆ ಬೀದಿ ಹೋಗುತ್ತದೆ.

ಕಡತ ಹಿಡಿಯುವುದು

ಯಾವ ಕಾಗದ ಯಾರ ಹತ್ತಿರ ಎಂಬುದು ಗೊತ್ತಿಲ್ಲದೆ ಅರ್ಧ ಅರ್ಜಿಗಳು ಸತ್ತುಹೋಗುತ್ತವೆ. ನಕ್ಷೆ ಮಂಜೂರಾತಿ, ಖಾತೆ, ರಸ್ತೆ, ಫುಟ್‌ಪಾತ್ ನಗರ ಪಾಲಿಕೆಯದು. ಬೆಂಗಳೂರಿನಲ್ಲಿ 2025ರಿಂದ ಬಿಬಿಎಂಪಿ ಹೋಗಿ ಗ್ರೇಟರ್ ಬೆಂಗಳೂರು ಪ್ರಾಧಿಕಾರದ ಕೆಳಗೆ ಐದು ಪಾಲಿಕೆಗಳಾಗಿವೆ, ನಿಮ್ಮ ವಾರ್ಡ್ ಯಾವುದರಲ್ಲಿ ಎಂದು ಮೊದಲು ನೋಡಿಕೊಳ್ಳಿ. ಭೂ ಬಳಕೆ, ಮಾಸ್ಟರ್ ಪ್ಲಾನ್ ಯೋಜನಾ ಪ್ರಾಧಿಕಾರದ್ದು, 1961ರ ಕರ್ನಾಟಕ ನಗರ ಮತ್ತು ಗ್ರಾಮಾಂತರ ಯೋಜನಾ ಕಾಯ್ದೆಯಡಿ. ಪಾರಂಪರಿಕ ಕಟ್ಟಡ, ಪಾರಂಪರಿಕ ಪ್ರದೇಶ ಎಂಬ ವ್ಯಾಖ್ಯಾನ ಇರುವುದೂ ಅದೇ ಕಾಯ್ದೆಯಲ್ಲಿ. ಮರ ಕಡಿಯುವ ಅನುಮತಿ ವೃಕ್ಷಾಧಿಕಾರಿಯದು. ಕೇಂದ್ರ ಸಂರಕ್ಷಿತ ಸ್ಮಾರಕ ಹತ್ತಿರವಿದ್ದರೆ ನಿಮ್ಮ ಕೈ ತುಂಬಾ ಗಟ್ಟಿ: ಸುತ್ತ 100 ಮೀಟರ್ ನಿಷೇಧಿತ ಪ್ರದೇಶ, ಅದರಾಚೆ ಇನ್ನೂ 200 ಮೀಟರ್ ನಿಯಂತ್ರಿತ ಪ್ರದೇಶ.

ಕೈಯಲ್ಲಿರುವ ಮುಖ್ಯ ಸಾಧನ ಮಾಹಿತಿ ಹಕ್ಕು ಅರ್ಜಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದ ಮೀರಬಾರದು. ಈ ಮಿತಿ ಮೀರಿದ್ದನ್ನೇ ನೆಪ ಮಾಡಿ ತಿರಸ್ಕರಿಸುವುದುಂಟು. "ಏಕೆ ಅನುಮತಿ ಕೊಟ್ಟಿರಿ" ಎಂದು ಕೇಳಬೇಡಿ, ಕಾರಣ ಹೇಳುವ ಹೊಣೆ ಮಾಹಿತಿ ಅಧಿಕಾರಿಗಿಲ್ಲ. ಕಾಗದ ಕೇಳಿ. ಹೀಗೆ:

"ಮಲ್ಲೇಶ್ವರ ___ನೇ ಕ್ರಾಸ್, ಸ್ವತ್ತಿನ ಸಂಖ್ಯೆ ___ ಕುರಿತು 01-01-2024ರಿಂದ ಈ ದಿನದವರೆಗೆ ಹೊರಡಿಸಿರುವ ಕಟ್ಟಡ ನಕ್ಷೆ ಮಂಜೂರಾತಿ ಆದೇಶ, ಮಂಜೂರಾದ ಮಹಡಿಗಳ ಸಂಖ್ಯೆ, ಎತ್ತರ, ಸೆಟ್‌ಬ್ಯಾಕ್ ಹಾಗೂ ಬಳಕೆಯ ವಿವರ ಮತ್ತು ಸದರಿ ಕಡತದ ಟಿಪ್ಪಣಿ ಹಾಳೆಗಳ ದೃಢೀಕೃತ ಪ್ರತಿ ಒದಗಿಸುವುದು. ಪ್ರತಿ ಪಡೆಯುವ ಮುನ್ನ ಕಡತ ಪರಿಶೀಲನೆಗೆ ದಿನ ನಿಗದಿಪಡಿಸಿ ತಿಳಿಸುವುದು."

ಮನೆಯ ಒಳನಕ್ಷೆ ಕೇಳಿದರೆ "ಮೂರನೇ ವ್ಯಕ್ತಿಯ ಮಾಹಿತಿ" ಎಂದು ಹಿಂಬರಹ ಕೊಟ್ಟು ಕೈತೊಳೆದುಕೊಳ್ಳುತ್ತಾರೆ. ಅದಕ್ಕೇ ಮೇಲೆ ಆದೇಶ, ಎತ್ತರ, ಸೆಟ್‌ಬ್ಯಾಕ್ ಮಾತ್ರ ಕೇಳಿರುವುದು. ಮಲಗುವ ಕೋಣೆ ಎಲ್ಲಿದೆ ಎಂಬುದು ನಿಮಗೂ ಬೇಡ. ಕಡತ ನೋಡಲು ಸಿಕ್ಕ ದಿನ ಟಿಪ್ಪಣಿ ಹಾಳೆಗಳನ್ನು ಮೊದಲು ಓದಿ. ಕೆಳಗಿನ ಎಂಜಿನಿಯರ್ ಆಕ್ಷೇಪ ಬರೆದಿದ್ದು ಮೇಲೆ ಅದನ್ನು ದಾಟಿ ಸಹಿ ಬಿದ್ದಿದ್ದರೆ ಅದು ಅಲ್ಲೇ ಇರುತ್ತದೆ. ಅರ್ಜಿ ತಪ್ಪು ಕಚೇರಿಗೆ ಹೋಗಿದ್ದರೆ ಐದು ದಿನದೊಳಗೆ ಸರಿಯಾದ ಕಚೇರಿಗೆ ವರ್ಗಾಯಿಸುವುದು ಅವರ ಕರ್ತವ್ಯ. 30 ದಿನಕ್ಕೆ ಉತ್ತರ ಬರದಿದ್ದರೆ ಮುಂದಿನ 30 ದಿನದೊಳಗೆ ಪ್ರಥಮ ಮೇಲ್ಮನವಿ, ಅಲ್ಲೂ ಆಗದಿದ್ದರೆ 90 ದಿನದೊಳಗೆ ಮಾಹಿತಿ ಆಯೋಗ. ಆಯೋಗದಲ್ಲಿ ಸರದಿ ಉದ್ದ. ಅಷ್ಟರಲ್ಲಿ ಕಟ್ಟಡವೇ ಎದ್ದಿರುತ್ತದೆ ಎಂಬುದನ್ನು ಮರೆಯದೆ ಬೇರೆ ಕೆಲಸಗಳನ್ನು ಸಮಾನಾಂತರವಾಗಿ ನಡೆಸಿ.

ಅರ್ಜಿಯೇ ಇಲ್ಲದೆ ಸಿಗುವ ಕಡತವೂ ಒಂದಿದೆ: ಪತ್ರಿಕೆಯ ಒಳಪುಟದ ಸಣ್ಣಕ್ಷರದ ಪ್ರಕಟಣೆ. ಭೂ ಬಳಕೆ ಬದಲಾವಣೆಗೆ ಸಾರ್ವಜನಿಕ ಪ್ರಕಟಣೆ, ಆಕ್ಷೇಪಣೆಗೆ ಅವಕಾಶ ಇರಲೇಬೇಕು. ಗುಂಪಿನ ಒಬ್ಬರಿಗೆ ಇದೊಂದೇ ಕೆಲಸ ವಹಿಸಿ, ದಿನಾ ಬೆಳಿಗ್ಗೆ ಕಾಫಿ ಜೊತೆ ಒಂದು ಕನ್ನಡ, ಒಂದು ಇಂಗ್ಲಿಷ್ ಪತ್ರಿಕೆಯ ಪ್ರಕಟಣೆಗಳನ್ನು ಓದಿ ಚಿತ್ರ ಕಳಿಸುವುದು. ನಿವೃತ್ತ ಬ್ಯಾಂಕಿನವರು ಈ ಕೆಲಸಕ್ಕೆ ಹೇಳಿಮಾಡಿಸಿದವರು.

ಮರಗಳ ವಿಷಯದಲ್ಲಿ 1976ರ ಕರ್ನಾಟಕ ವೃಕ್ಷ ಸಂರಕ್ಷಣಾ ಕಾಯ್ದೆ. ಸಾರ್ವಜನಿಕ ಕಾಮಗಾರಿಗೆ 50ಕ್ಕಿಂತ ಹೆಚ್ಚು ಮರ ಕಡಿಯಬೇಕಾದಾಗ ವೃಕ್ಷಾಧಿಕಾರಿ ಪ್ರಚಾರ ಕೊಟ್ಟು ಆಕ್ಷೇಪಣೆ ಕರೆಯಬೇಕು, 10 ದಿನ ಕಾದ ಮೇಲೆ ತೀರ್ಮಾನ. ಹತ್ತು ದಿನ ಎಂದರೆ ಏನೂ ಅಲ್ಲ. ಆಗ ಮರ ಎಣಿಸಲು ಹೊರಟರೆ ಸಮಯ ಸಾಲದು. ನಿಮ್ಮ ಪಟ್ಟಿ ಮೊದಲೇ ತಯಾರಿರುವುದು ಈ ಹತ್ತು ದಿನಕ್ಕೆ. ಇನ್ನೊಂದು: ಒಂದೇ ರಸ್ತೆಯ ಕಾಮಗಾರಿಯನ್ನು ಹಂತ ಹಂತವಾಗಿ ತೋರಿಸಿ ಪ್ರತಿ ಹಂತದಲ್ಲೂ 50ರ ಒಳಗೆ ಮರ ಬರುತ್ತಿದ್ದರೆ, ಇಡೀ ರಸ್ತೆಯ ಮೊತ್ತವನ್ನು ನಿಮ್ಮ ಎಣಿಕೆಯಿಂದ ತೋರಿಸಿ ಕೇಳಿ.

ಆಕ್ಷೇಪಣೆ ಬರೆಯುವುದು

ಒಂದು ಪುಟ. ಮೇಲೆ ಪ್ರಕಟಣೆಯ ಸಂಖ್ಯೆ, ದಿನಾಂಕ. ಮೊದಲ ಪ್ಯಾರಾದಲ್ಲಿ ಯಾವ ನಿಯಮಕ್ಕೆ ವಿರುದ್ಧ ಎಂಬುದು, ಎರಡನೆಯದರಲ್ಲಿ ನಿಮ್ಮ ಪಟ್ಟಿಯ ಅಂಕಿ, ಮೂರನೆಯದರಲ್ಲಿ ಬದಲಿ ಸಲಹೆ. ಕೊನೆಯಲ್ಲಿ "ಖುದ್ದು ವಿಚಾರಣೆಗೆ ಅವಕಾಶ ಕೋರುತ್ತೇನೆ". ಬದಲಿ ಸಲಹೆ ಇಲ್ಲದ ಆಕ್ಷೇಪಣೆಯನ್ನು "ಅಭಿವೃದ್ಧಿ ವಿರೋಧಿಗಳು" ಎಂಬ ಕಪಾಟಿಗೆ ತಳ್ಳುವುದು ಸುಲಭ. ಒಂದೇ ಕಾಗದಕ್ಕೆ 500 ಸಹಿ ಹಾಕಿಸಿದರೆ ಅದು ಒಂದು ಆಕ್ಷೇಪಣೆ ಎಂದೇ ಲೆಕ್ಕವಾಗುವ ಅಪಾಯವಿದೆ. 50 ಜನ ತಮ್ಮ ತಮ್ಮ ಮನೆ, ಮರ, ಗೇಟಿನ ವಿಷಯ ಬರೆದ 50 ಬೇರೆ ಬೇರೆ ಪತ್ರಗಳಿಗೆ ಒಂದೊಂದಕ್ಕೂ ಉತ್ತರ ಹೇಳಬೇಕಾಗುತ್ತದೆ.

ಎರಡು ಪ್ರತಿ ಒಯ್ದು ಟಪಾಲು ವಿಭಾಗದಲ್ಲಿ ಕೊಡಿ, ಒಂದರ ಮೇಲೆ ಮೊಹರು, ದಿನಾಂಕ ಹಾಕಿಸಿಕೊಂಡು ಬನ್ನಿ. "ಇಟ್ಟು ಹೋಗಿ ಸಾರ್, ನೋಡ್ತೀವಿ" ಎಂದರೆ ಇಟ್ಟು ಬರಬೇಡಿ. ಆ ಮೊಹರಿಲ್ಲದಿದ್ದರೆ ಮುಂದೆ ಕೋರ್ಟಿನಲ್ಲಿ ನೀವು ಆಕ್ಷೇಪಿಸಿಯೇ ಇಲ್ಲ. ಮೊಹರು ಹಾಕಲು ಸತಾಯಿಸಿದರೆ ಪಕ್ಕದ ಅಂಚೆ ಕಚೇರಿಯಿಂದ ಸ್ಪೀಡ್ ಪೋಸ್ಟ್ ಮಾಡಿ ರಸೀದಿ ಇಟ್ಟುಕೊಳ್ಳಿ.

ಕಾಂಪೌಂಡಿನ ಮೇಲೆ ಕೆಂಪು ಗೆರೆ ಬಿದ್ದಾಗ

ಬೆಂಗಳೂರಿನಲ್ಲಿ 216 ರಸ್ತೆಗಳನ್ನು ಅಗಲ ಮಾಡುವ ಪಟ್ಟಿ ಹೊರಬಿದ್ದಾಗ ಜನ ಕಂಗಾಲಾದದ್ದು ಈ ಗೆರೆಗಳಿಂದ. ಗೆರೆ ಎಳೆದ ಮಾತ್ರಕ್ಕೆ ಜಾಗ ಪಾಲಿಕೆಯದಾಗುವುದಿಲ್ಲ. ಗೆರೆಯ ಫೋಟೊ ತೆಗೆದು, ಯಾವ ಆದೇಶದ ಮೇಲೆ ಎಳೆದದ್ದು ಎಂದು ಲಿಖಿತವಾಗಿ ಕೇಳಿ. ಜಾಗಕ್ಕೆ ಬದಲಾಗಿ ಹಣದ ಬದಲು ಟಿಡಿಆರ್, ಅಂದರೆ ಬೇರೆಡೆ ಕಟ್ಟಲು ಬಳಸಬಹುದಾದ ಅಥವಾ ಮಾರಬಹುದಾದ ಹಕ್ಕು ಕೊಡುತ್ತೇವೆ ಎನ್ನುತ್ತಾರೆ. ಅದು ಮಾಲೀಕರು ಒಪ್ಪಿ ಜಾಗ ಬಿಟ್ಟುಕೊಟ್ಟರೆ ಮಾತ್ರ. ಬಿಟ್ಟುಕೊಡುವ ಪತ್ರಕ್ಕೆ ಯಾರೂ ಅವಸರದಲ್ಲಿ ಸಹಿ ಹಾಕದಂತೆ ಆ ರಸ್ತೆಯ ಎಲ್ಲ ಮನೆಗಳಿಗೂ ಅದೇ ದಿನ ಸುದ್ದಿ ಮುಟ್ಟಿಸಿ. ನಾಲ್ಕು ಮನೆಯವರು ಸಹಿ ಹಾಕಿದರೆ ಉಳಿದವರ ಕಾಂಪೌಂಡು ಹಲ್ಲು ಬಿದ್ದ ಬಾಯಿಯಂತೆ ಮುಂದಕ್ಕೆ ಚಾಚಿಕೊಂಡು, "ಇವರಿಂದಲೇ ಟ್ರಾಫಿಕ್" ಎಂಬ ಮಾತು ಶುರುವಾಗುತ್ತದೆ.

ಜೆಸಿಬಿ ಬಂದ ದಿನ

ಅದು ಶುಕ್ರವಾರ ಸಂಜೆಯೋ ಹಬ್ಬದ ಹಿಂದಿನ ದಿನವೋ ಆಗಿರುವ ಸಂಭವವೇ ಹೆಚ್ಚು, ಕಚೇರಿ ಕೋರ್ಟು ಎರಡೂ ಮುಚ್ಚಿರುತ್ತವೆ. ಮೊದಲು ವಿಡಿಯೊ: ಗಾಡಿ ನಂಬರು, ಸಮಯ, ಬೀದಿಯ ಫಲಕ ಒಂದೇ ಚೌಕಟ್ಟಿನಲ್ಲಿ ಬರಲಿ. ಎರಡನೆಯದು, ಸ್ಥಳದಲ್ಲಿರುವವರ ಬಳಿ ಮಂಜೂರಾತಿ ಪ್ರತಿ ಅಥವಾ ಮರ ಕಡಿಯುವ ಆದೇಶ ಕೇಳಿ. ಆದೇಶದಲ್ಲಿ ಎಷ್ಟು ಮರ, ಯಾವ ಜಾತಿ ಎಂದಿದೆಯೋ ಅದನ್ನು ಎಣಿಸಿ ತಾಳೆ ನೋಡಿ. "ಕೊಂಬೆ ಸವರಲು" ಕೊಟ್ಟ ಅನುಮತಿಯಲ್ಲಿ ಬುಡ ಕತ್ತರಿಸುತ್ತಿದ್ದರೆ ತಕ್ಷಣ 112ಕ್ಕೆ ಫೋನ್ ಮಾಡಿ, ವೃಕ್ಷಾಧಿಕಾರಿಗೂ ಹೇಳಿ. ಯಂತ್ರದ ಕೆಳಗೆ, ಕತ್ತರಿಸುತ್ತಿರುವ ಮರದ ಕೆಳಗೆ ನಿಲ್ಲಬೇಡಿ. ಕೂಲಿಯವರ ಮೇಲೆ ಕೂಗಾಡಬೇಡಿ, ಅವರ ಕೈಯಲ್ಲಿ ಏನೂ ಇಲ್ಲ.

ಬೀದಿಗಿಳಿಯುವ ಮುಂಚೆ ಕಾನೂನು ತಿಳಿದಿರಲಿ. 2016ರ ಅಕ್ಟೋಬರ್ 16ರಂದು ಉಕ್ಕಿನ ಸೇತುವೆ ಬೇಡವೆಂದು ಬೆಂಗಳೂರಿಗರು ರಸ್ತೆಬದಿ ಮಾನವ ಸರಪಳಿ ಮಾಡಿದರು, 2017ರ ಮಾರ್ಚ್‌ನಲ್ಲಿ ಸರ್ಕಾರ ಯೋಜನೆ ಕೈಬಿಟ್ಟಿತು. ಈಗ ಅಷ್ಟು ಸಲೀಸಲ್ಲ. 2021ರ ಆದೇಶದ ಪ್ರಕಾರ ಬೆಂಗಳೂರಿನಲ್ಲಿ ಪ್ರತಿಭಟನೆಗೆ ಜಾಗ ಫ್ರೀಡಂ ಪಾರ್ಕ್ ಮಾತ್ರ. 2023ರ ಫೆಬ್ರುವರಿಯಲ್ಲಿ ಸ್ಯಾಂಕಿ ಕೆರೆ ಪಕ್ಕದ ಮೇಲ್ಸೇತುವೆ ವಿರೋಧಿಸಿ ಶಾಂತವಾಗಿ ನಡೆದವರ ಮೇಲೂ ಎಫ್‌ಐಆರ್ ಬಿತ್ತು. ವೀಸಾ, ಸರ್ಕಾರಿ ಕೆಲಸ, ಪಾಸ್‌ಪೋರ್ಟ್ ಅರ್ಜಿಯ ಯೋಚನೆ ಇರುವ ಯುವಕರಿಗೆ ಇದನ್ನು ಮೊದಲೇ ಹೇಳುವುದು ಸಂಘಟಕರ ಜವಾಬ್ದಾರಿ. ಬೀದಿಯ ಮನೆಗಳು ತಮ್ಮ ತಮ್ಮ ಗೇಟಿನೆದುರು ಒಂದೇ ಬಗೆಯ ರಂಗೋಲಿ ಹಾಕಿದರೆ, ಪ್ರತಿ ಕಾಂಪೌಂಡಿನ ಒಳಗೆ ಒಂದೊಂದು ಫಲಕ ನೇತುಹಾಕಿದರೆ ಅದಕ್ಕೆ ಯಾರ ಅನುಮತಿಯೂ ಬೇಡ, ಕ್ಯಾಮೆರಾಗಳೂ ಬರುತ್ತವೆ.

ಕೋರ್ಟು

ಸಾರ್ವಜನಿಕ ಹಿತಾಸಕ್ತಿ ಅರ್ಜಿ ಮೊದಲ ಹೆಜ್ಜೆ ಆಗಬಾರದು. "ಸಂಬಂಧಪಟ್ಟ ಅಧಿಕಾರಿಗೆ ಮನವಿ ಕೊಟ್ಟಿದ್ದೀರಾ" ಎಂಬುದು ಅಲ್ಲಿ ಏಳುವ ಮೊದಲ ಪ್ರಶ್ನೆ. ಆ ಮೊಹರಿನ ಪ್ರತಿಗಳು ಆಗ ಹೊರಬರಲಿ. ತಡಮಾಡಿದರೆ ಇನ್ನೊಂದು ಪೆಟ್ಟು: ನಾಲ್ಕನೇ ಮಹಡಿ ಏರಿದ ಮೇಲೆ ಹೋದರೆ "ಇಷ್ಟು ದಿನ ಏನು ಮಾಡುತ್ತಿದ್ದಿರಿ" ಎನ್ನುತ್ತಾರೆ. ಬೇಸಿಗೆ, ದಸರಾ, ಕ್ರಿಸ್‌ಮಸ್ ರಜೆಗಳಲ್ಲಿ ರಜಾಪೀಠ ಯಾವ ದಿನ ಕೂರುತ್ತದೆ ಎಂದು ನಿಮ್ಮ ವಕೀಲರ ಬಳಿ ಪಟ್ಟಿ ಇರಲಿ.

ಅಕ್ರಮ ಮಹಡಿಗೆ ದೂರು ಕೊಟ್ಟಾಗ ಪಾಲಿಕೆ ಅದನ್ನು ಒಡೆಯಲು ತಾತ್ಕಾಲಿಕ ಆದೇಶ, ಆಮೇಲೆ ದೃಢೀಕರಣ ಆದೇಶ ಹೊರಡಿಸುತ್ತದೆ. ಅಷ್ಟಕ್ಕೇ ಸಿಹಿ ಹಂಚಬೇಡಿ. ಕಟ್ಟಿದವರು ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಿ ತಡೆಯಾಜ್ಞೆ ತರುವುದು ಮಾಮೂಲು, ಕಡತ ಅಲ್ಲಿ ವರ್ಷಗಟ್ಟಲೆ ಮಲಗುತ್ತದೆ. ಪ್ರಕರಣದ ಸಂಖ್ಯೆ ಪಡೆದು ಪ್ರತಿ ದಿನಾಂಕಕ್ಕೂ ಪಾಲಿಕೆಯ ವಕೀಲರು ಹಾಜರಾದರೇ ಎಂದು ಒಬ್ಬರು ನೋಡುತ್ತಿರಬೇಕು.

ಗುಂಪು

ಸಂಘ ನೋಂದಾಯಿಸಲು 1960ರ ಕಾಯ್ದೆಯಡಿ ಕನಿಷ್ಠ ಏಳು ಜನ ಸಾಕು. ಬ್ಯಾಂಕ್ ಖಾತೆಗೆ ಇಬ್ಬರ ಸಹಿ. ಬಿಲ್ಡರ್‌ಗಳಿಂದ, ಟಿಕೆಟ್ ಆಕಾಂಕ್ಷಿಗಳಿಂದ ಗಣೇಶೋತ್ಸವದ ಪೆಂಡಾಲಿಗೂ ಹಣ ಬೇಡ. ಸೂಚನೆಗಳಿಗೆ ಒಂದು ವಾಟ್ಸಾಪ್ ಗುಂಪು, ಹರಟೆಗೆ ಇನ್ನೊಂದು. ಎರಡೂ ಒಂದೇ ಆದರೆ ಹತ್ತು ದಿನದ ಗಡುವಿನ ಪ್ರಕಟಣೆ ಶುಭೋದಯದ ಹೂವುಗಳಡಿ ಮುಚ್ಚಿಹೋಗುತ್ತದೆ.

ಸದಸ್ಯರೆಲ್ಲ ಸ್ವಂತ ಮನೆಯವರೇ ಆಗಿದ್ದರೆ ಗುಂಪು ಕುಂಟುತ್ತದೆ. ಬಾಡಿಗೆಯವರು, ವಠಾರದವರು, ಹೂವಿನವರು, ಇಸ್ತ್ರಿಯವರು ಸೇರಲಿ. ಫುಟ್‌ಪಾತ್ ಚಂದ ಮಾಡುವ ಹೆಸರಿನಲ್ಲಿ ವ್ಯಾಪಾರಿಗಳನ್ನು ಎಬ್ಬಿಸಿದರೆ ಬಸವನಗುಡಿಯ ಗಾಂಧಿ ಬಜಾರ್ ಗಾಂಧಿ ಬಜಾರ್ ಆಗಿ ಉಳಿಯುವುದಿಲ್ಲ. ಅವರಿಗೆ 2014ರ ಬೀದಿ ವ್ಯಾಪಾರಿಗಳ ಕಾಯ್ದೆಯ ರಕ್ಷಣೆಯೂ ಇದೆ. ಇನ್ನೊಂದು ಲಾಭವೂ ಉಂಟು. ಬೆಳಿಗ್ಗೆ ಐದಕ್ಕೆ ಬೀದಿಯಲ್ಲಿರುವವರು ಅವರು. ಯಾವ ಮನೆಯ ಮುಂದೆ ಹೆಂಚಿನ ಲಾರಿ ನಿಂತಿದೆ, ಯಾವ ಮರದ ಬುಡಕ್ಕೆ ರಾತ್ರಿ ಯಾರೋ ಆಸಿಡ್ ಸುರಿದು ಹೋಗಿದ್ದಾರೆ ಎಂಬುದು ಮೊದಲು ಗೊತ್ತಾಗುವುದು ಅವರಿಗೆ.

ಪಟ್ಟಿಯನ್ನು ವರ್ಷಕ್ಕೊಮ್ಮೆ, ಅದೇ ತಿಂಗಳಲ್ಲಿ, ಅದೇ ಜಾಗದಲ್ಲಿ ನಿಂತು ಮತ್ತೆ ಮಾಡಿ. ಬಿದ್ದುಹೋದ ಮನೆಯ ಸಾಲನ್ನು ಅಳಿಸಬೇಡಿ. ಪಕ್ಕದ ಅಂಕಣದಲ್ಲಿ ಬಿದ್ದ ತಿಂಗಳು, ಎದ್ದ ಮಹಡಿ, ಹೋದ ಮರ ಬರೆಯಿರಿ. ಮೂರು ವರ್ಷ ಕಳೆದ ಮೇಲೆ ವಿಚಾರಣೆಯಲ್ಲಿ ಕೂತಾಗ ಅಧಿಕಾರಿ ಮುಂದೆ ಇಡಲು ನಿಮ್ಮ ಬಳಿ ಇರುವ ಅತಿ ಗಟ್ಟಿ ಹಾಳೆ ಆ ಅಂಕಣವೇ.